ವೆನಿಸ್ ನೋಡೋದು ಹೇಗೆ: ಜನಜಂಗುಳಿ ತಪ್ಪಿಸಿ ಕಾಲುವೆ ಊರು ಸುತ್ತಲು ಒಂದು ಮಾರ್ಗದರ್ಶಿ

ಯುರೋಪ್ ಪ್ಯಾಕೇಜ್ ಟೂರ್‌ಗಳಲ್ಲಿ ವೆನಿಸ್‌ಗೆ ಸಿಗುವುದು ಹೆಚ್ಚೆಂದರೆ ಅರ್ಧ ದಿನ. ಬೆಳಗ್ಗೆ ಹತ್ತರ ಹೊತ್ತಿಗೆ ದೋಣಿಯಲ್ಲಿ ತಂದು ಸಾನ್ ಮಾರ್ಕೊ ಚೌಕದ ಪಕ್ಕ ಇಳಿಸುತ್ತಾರೆ. ಒಂದು ಗಾಜಿನ ಅಂಗಡಿ, ಒಂದು ಗೊಂಡೊಲಾ ಸವಾರಿ, ಒಂದಷ್ಟು ಫೋಟೊ. ಮೂರು ಗಂಟೆಗೆ ವಾಪಸ್. ಹಾಗೆ ಹೋಗಿ ಬಂದವರು "ಬರೀ ಜನ, ಎಲ್ಲಾ ದುಬಾರಿ, ಅಂಥದ್ದೇನಿಲ್ಲ ಬಿಡಿ" ಅನ್ನುತ್ತಾರೆ. ಅವರ ಮಾತು ಸುಳ್ಳೇನಲ್ಲ. ಅವರು ನೋಡಿದ್ದು ಆ ಊರಿನ ಅತಿ ಕೆಟ್ಟ ಐದು ಗಂಟೆಗಳನ್ನು, ಅಷ್ಟೇ.

ವೆನಿಸ್‌ನ ಹಳೇ ಊರಲ್ಲಿ ಈಗ ಕಾಯಂ ವಾಸ ಇರುವವರು 50 ಸಾವಿರಕ್ಕೂ ಕಡಿಮೆ. ಹಗಲು ಬಂದು ಹೋಗುವವರು ಅವರನ್ನು ಮುಳುಗಿಸಿಬಿಡುತ್ತಾರೆ. ಆದರೆ ಈ ಜನರಲ್ಲಿ ಬಹುಪಾಲು ರಾತ್ರಿ ಉಳಿಯುವುದಿಲ್ಲ. ಹಾಗಾಗಿ ಬೆಳಗ್ಗೆ ಎಂಟೂವರೆ ತನಕ ಮತ್ತು ಸಂಜೆ ಆರರ ನಂತರ ಊರು ನಿಮ್ಮದು. ಕೆಳಗೆ ಬರೆದಿರುವುದೆಲ್ಲ ಈ ಒಂದು ವಿಷಯದ ಮೇಲೆ ನಿಂತಿದೆ.

ಮೊದಲು ತಿಂಗಳು ಆರಿಸಿ

ಜುಲೈ, ಆಗಸ್ಟ್ ಬೇಡ. ಸೆಕೆ, ಸೊಳ್ಳೆ, ಮೇಲೆ ನೂಕುನುಗ್ಗಲು. ಮಕ್ಕಳ ಬೇಸಿಗೆ ರಜೆಯಲ್ಲೇ ಹೋಗಬೇಕು ಅಂದರೆ ಏಪ್ರಿಲ್ ಪರವಾಗಿಲ್ಲ, ಆದರೆ ಈಸ್ಟರ್ ವಾರ ತಪ್ಪಿಸಿ. ಫೆಬ್ರವರಿ ಆಸುಪಾಸಿನಲ್ಲಿ ಬರುವ ಕಾರ್ನಿವಲ್ ಹೊತ್ತಿಗೆ ಮುಖವಾಡ ಹಾಕಿದವರನ್ನು ನೋಡಲು ಚೆಂದ, ಹೋಟೆಲ್ ಬಿಲ್ ನೋಡಲು ಅಲ್ಲ.

ನನ್ನನ್ನು ಕೇಳಿದರೆ ಅಕ್ಟೋಬರ್ ಕೊನೆ ಅಥವಾ ಮಾರ್ಚ್ ಅನ್ನುತ್ತೇನೆ. ಸ್ವೆಟರ್ ಸಾಕು, ಬಾಡಿಗೆ ಇಳಿದಿರುತ್ತದೆ. ನವೆಂಬರ್‌ನಿಂದ ಜನವರಿವರೆಗೆ ಮಂಜು ಕವಿಯುತ್ತದೆ, ಬೇಗ ಕತ್ತಲಾಗುತ್ತದೆ, ನೀರೇರುವ ಸಾಧ್ಯತೆಯೂ ಇದೆ. ಆದರೂ ಚಳಿ ತಡೆಯುವವರಿಗೆ ಅದೂ ಒಳ್ಳೆಯ ಕಾಲವೇ. ನವೆಂಬರ್ 21ರಂದು ಊರವರು 1630ರ ಪ್ಲೇಗ್ ನೆನಪಿಗೆ ಸಾಲೂತೆ ಚರ್ಚ್‌ಗೆ ಮೇಣದಬತ್ತಿ ಹಿಡಿದು ಹೋಗುತ್ತಾರೆ. ಪ್ರವಾಸಿಗರಿಗಾಗಿ ಮಾಡದ ಹಬ್ಬ ಅದು, ನೋಡಬೇಕಾದ್ದು.

ಉಳಿಯುವ ಜಾಗ: ಇಲ್ಲಿ ಜಿಪುಣತನ ಬೇಡ

ಗೂಗಲ್‌ನಲ್ಲಿ ವೆನಿಸ್ ಹೋಟೆಲ್ ಅಂತ ಹುಡುಕಿದರೆ ಅಗ್ಗದವೆಲ್ಲ ಮೆಸ್ತ್ರೆಯಲ್ಲಿ ಇರುತ್ತವೆ. ಮೆಸ್ತ್ರೆ ಅಂದರೆ ದ್ವೀಪಕ್ಕೆ ಹೋಗುವ ಉದ್ದ ಸೇತುವೆಯ ಈಚೆ, ನೆಲದ ಕಡೆ ಇರುವ ಸಾಧಾರಣ ಊರು. ಅಲ್ಲಿಂದ ರೈಲಿನಲ್ಲಿ ಹತ್ತು ಹನ್ನೆರಡು ನಿಮಿಷ, ಟಿಕೆಟ್ ಒಂದೂವರೆ ಯೂರೋ ಆಸುಪಾಸು. ಲೆಕ್ಕಕ್ಕೆ ಸರಿ ಕಾಣುತ್ತದೆ ಅಲ್ವಾ? ಆದರೆ ಮೆಸ್ತ್ರೆಯಲ್ಲಿ ಉಳಿದವರು ತಿಂಡಿ ಮುಗಿಸಿ ರೈಲು ಹತ್ತಿ ಊರು ಸೇರುವಷ್ಟರಲ್ಲಿ ಹತ್ತು ಗಂಟೆ. ರಾತ್ರಿ ದಣಿವಾಗಿ ಏಳಕ್ಕೇ ವಾಪಸ್. ಯಾವ ಹೊತ್ತಿಗಾಗಿ ಹೋಗಿದ್ದೀರೋ ಅದೇ ಕೈ ತಪ್ಪಿತು. ಮೂರು ರಾತ್ರಿ ಮೆಸ್ತ್ರೆಯಲ್ಲಿ ಉಳಿಯುವ ದುಡ್ಡಿನಲ್ಲಿ ಎರಡು ರಾತ್ರಿ ದ್ವೀಪದೊಳಗೆ ಉಳಿಯಿರಿ.

ಹಳೇ ಊರಿನಲ್ಲಿ ಆರು ವಿಭಾಗ: ಸಾನ್ ಮಾರ್ಕೊ, ಸಾನ್ ಪೋಲೊ, ಸಾಂತಾ ಕ್ರೋಚೆ, ಕನ್ನಾರೆಜೊ, ಕಾಸ್ತೆಲ್ಲೊ, ದೊರ್ಸೊದೂರೊ. ಸಾನ್ ಮಾರ್ಕೊ ದುಬಾರಿ, ಗದ್ದಲ. ಮೊದಲ ಸಲ ಹೋಗುವವರಿಗೆ ಕನ್ನಾರೆಜೊ ಅನುಕೂಲ. ರೈಲ್ವೆ ಸ್ಟೇಷನ್ ಹತ್ತಿರ, ಅಂಗಡಿಗಳಿವೆ, ಸಂಜೆ ಕಾಲುವೆ ದಂಡೆಯಲ್ಲಿ ಊರ ಹುಡುಗರು ಕೂತಿರುತ್ತಾರೆ. ಶಾಂತವಾಗಿರಬೇಕು ಅಂದರೆ ಕಾಸ್ತೆಲ್ಲೊದ ಪೂರ್ವ ತುದಿ.

ಬುಕ್ ಮಾಡುವ ಮೊದಲು ಎರಡು ವಿಷಯ ನೋಡಿ. ಒಂದು, ದೋಣಿ ನಿಲ್ದಾಣದಿಂದ ಹೋಟೆಲ್‌ಗೆ ಎಷ್ಟು ಸೇತುವೆ ದಾಟಬೇಕು. ಊರಲ್ಲಿ 400ಕ್ಕೂ ಹೆಚ್ಚು ಸೇತುವೆಗಳಿವೆ, ಬಹುತೇಕ ಎಲ್ಲಕ್ಕೂ ಮೆಟ್ಟಿಲು. 23 ಕಿಲೋ ಸೂಟ್‌ಕೇಸ್ ಎತ್ತಿಕೊಂಡು ಮೂರು ಸೇತುವೆ ದಾಟಿದರೆ ಮೊದಲ ದಿನವೇ ಸೊಂಟ ಹಿಡಿಯುತ್ತದೆ. ಎರಡು, ಲಿಫ್ಟ್ ಇದೆಯಾ? ಹಳೇ ಮನೆಗಳಲ್ಲಿ ಮೂರನೇ ಮಹಡಿ ರೂಮು ಕೊಟ್ಟು ಸುಮ್ಮನಾಗುತ್ತಾರೆ. ಅಪ್ಪ ಅಮ್ಮನನ್ನು ಕರೆದುಕೊಂಡು ಹೋಗುವವರು ಇದನ್ನು ಇಮೇಲ್‌ನಲ್ಲಿ ಕೇಳಿಯೇ ದುಡ್ಡು ಕಟ್ಟಿ.

ಮನೆಯಿಂದಲೇ ಮುಗಿಸಬೇಕಾದ ಕೆಲಸ

ವೀಸಾ ಷೆಂಗೆನ್, ಅದು ಬಿಡಿ, ಗೊತ್ತಿರುವುದೇ. ಗೊತ್ತಿಲ್ಲದೆ ಸಿಕ್ಕಿಹಾಕಿಕೊಳ್ಳುವುದು ಊರ ಪ್ರವೇಶ ಶುಲ್ಕದಲ್ಲಿ. ಹಗಲು ಬಂದು ಹೋಗುವವರಿಗೆ ವೆನಿಸ್ 2024ರ ಏಪ್ರಿಲ್ 25ರಿಂದ 5 ಯೂರೋ ಶುಲ್ಕ ಶುರು ಮಾಡಿತು. 2025ರಲ್ಲಿ ಅದು 54 ದಿನಗಳಿಗೆ ಇತ್ತು. ಮುಂಚೆ ಕಟ್ಟಿದರೆ 5, ಕೊನೇ ಗಳಿಗೆಯಲ್ಲಿ ಕಟ್ಟಿದರೆ 10 ಯೂರೋ. ಬೆಳಗ್ಗೆ ಎಂಟೂವರೆಯಿಂದ ಸಂಜೆ ನಾಲ್ಕರವರೆಗೆ ಮಾತ್ರ. ವಸಂತ, ಬೇಸಿಗೆಯ ವಾರಾಂತ್ಯಗಳಲ್ಲೇ ಇದು ಜಾಸ್ತಿ. 14ರೊಳಗಿನ ಮಕ್ಕಳಿಗಿಲ್ಲ. ಹೋಟೆಲ್‌ನಲ್ಲಿ ಉಳಿಯುವವರಿಗೂ ಇಲ್ಲ, ಆದರೆ ವಿನಾಯಿತಿಯ ಕ್ಯೂಆರ್ ಕೋಡ್ ನಗರಸಭೆಯ ವೆಬ್‌ಸೈಟ್‌ನಲ್ಲಿ ನೀವೇ ಪಡೆದಿಟ್ಟುಕೊಳ್ಳಬೇಕು. ನಿಮ್ಮ ದಿನ ಆ ಪಟ್ಟಿಯಲ್ಲಿದೆಯೇ ಎಂದು ಅಲ್ಲೇ ನೋಡಿ.

ಇನ್ನೆರಡು ಟಿಕೆಟ್ ಮುಂಚೆಯೇ ತೆಗೆಯಿರಿ. ದೋಜೆ ಅಂದರೆ ಹಳೇ ವೆನಿಸ್ ಗಣರಾಜ್ಯದ ಮುಖ್ಯಸ್ಥ. ದೋಜೆ ಅರಮನೆಗೆ 30 ದಿನ ಮೊದಲು ಕೊಂಡರೆ ಬೆಲೆ ಕಡಿಮೆ. ಅದೇ ಟಿಕೆಟ್‌ನಲ್ಲಿ ಚೌಕದ ಎದುರಿನ ಕೊರೇರ್ ಮ್ಯೂಸಿಯಂ ಕೂಡ ಸೇರಿದೆ. ಚೌಕದ ದೊಡ್ಡ ಚರ್ಚ್ ಸಾನ್ ಮಾರ್ಕೊ ಬೆಸಿಲಿಕಾಗೆ ಸಮಯ ಗೊತ್ತುಪಡಿಸಿದ ಟಿಕೆಟ್ ಇದ್ದರೆ ಬಿಸಿಲಲ್ಲಿ ಸಾಲು ನಿಲ್ಲುವುದು ತಪ್ಪುತ್ತದೆ. ಎರಡನ್ನೂ ಅವರವರ ಅಧಿಕೃತ ವೆಬ್‌ಸೈಟ್‌ನಲ್ಲೇ ಕೊಳ್ಳಿ. ಹುಡುಕಾಟದಲ್ಲಿ ಮೇಲೆ ಬರುವ ಎಷ್ಟೋ ಸೈಟುಗಳು ಅದೇ ಟಿಕೆಟ್ಟನ್ನು ದುಪ್ಪಟ್ಟು ಬೆಲೆಗೆ ಮಾರುತ್ತವೆ.

ಬಂದಿಳಿಯುವುದು

ರೈಲಿನಲ್ಲಿ ಬರುವುದಾದರೆ ಟಿಕೆಟ್‌ನಲ್ಲಿ ವೆನೆಜಿಯಾ ಸಾಂತಾ ಲುಚಿಯಾ ಎಂದಿರಬೇಕು. ವೆನೆಜಿಯಾ ಮೆಸ್ತ್ರೆ ಅಂದರೆ ಒಂದು ಸ್ಟೇಷನ್ ಮೊದಲೇ ಇಳಿದಂತೆ. ಸಾಂತಾ ಲುಚಿಯಾದ ಬಾಗಿಲು ದಾಟಿದರೆ ಎದುರಿಗೇ ದೊಡ್ಡ ಕಾಲುವೆ. ಇಂಥ ರೈಲ್ವೆ ಸ್ಟೇಷನ್ ಬೇರೆಲ್ಲೂ ಸಿಗಲಿಕ್ಕಿಲ್ಲ.

ಮಾರ್ಕೊ ಪೋಲೊ ವಿಮಾನ ನಿಲ್ದಾಣದಿಂದ ಬಸ್ಸಿನಲ್ಲಿ ಪಿಯಾಜಾಲೆ ರೋಮಾಗೆ ಇಪ್ಪತ್ತು ಇಪ್ಪತ್ತೈದು ನಿಮಿಷ. ಬಸ್, ಕಾರು ಎಲ್ಲ ಅಲ್ಲಿಗೇ ಕೊನೆ. ಮುಂದೆ ಚಕ್ರದ ಗಾಡಿಯೇ ಇಲ್ಲ. ಅಲಿಲಗೂನಾ ದೋಣಿ ಸೇವೆಯೂ ಇದೆ, ಒಂದು ಗಂಟೆಗೂ ಹೆಚ್ಚು ಹಿಡಿಯುತ್ತದೆ. ಆದರೆ ನಿಮ್ಮ ಹೋಟೆಲ್ ಸಾನ್ ಮಾರ್ಕೊ ಅಥವಾ ಕಾಸ್ತೆಲ್ಲೊ ಕಡೆ ಇದ್ದು ಲಗೇಜ್ ಜಾಸ್ತಿ ಇದ್ದರೆ ಅದೇ ಲೇಸು. ವಾಟರ್ ಟ್ಯಾಕ್ಸಿಗೆ ನೂರು ಯೂರೋ ಮೇಲೆಯೇ. ಆರೇಳು ಜನ ಇದ್ದು ಹಂಚಿಕೊಂಡರೆ ಮಾತ್ರ ಯೋಚಿಸಿ.

ನೀರ ಮೇಲಿನ ಓಡಾಟ

ಊರಿನ ಸಾರ್ವಜನಿಕ ದೋಣಿಗೆ ವಪೊರೆತ್ತೊ ಎನ್ನುತ್ತಾರೆ. ನಮ್ಮ ಬಿಎಂಟಿಸಿ ಬಸ್ಸಿನ ಹಾಗೆಯೇ: ನಂಬರ್ ಇದೆ, ಸ್ಟಾಪ್ ಇದೆ, ಬಾಗಿಲ ಬಳಿಯೇ ನಿಲ್ಲುವವರೂ ಇದ್ದಾರೆ. ಒಂದು ಸಲದ ಟಿಕೆಟ್ 9.50 ಯೂರೋ, 75 ನಿಮಿಷ ನಡೆಯುತ್ತದೆ. ಒಂದು ದಿನದ ಪಾಸ್ 25, ಎರಡು ದಿನದ್ದು 35, ಮೂರು ದಿನದ್ದು 45. ಇದು 2025ರ ದರ. ದಿನಕ್ಕೆ ಮೂರು ಸಲ ಹತ್ತಿದರೆ ಪಾಸೇ ಲಾಭ. 6ರಿಂದ 29 ವರ್ಷದವರಿಗೆ ರೋಲಿಂಗ್ ವೆನಿಸ್ ಎಂಬ ಕಾರ್ಡ್ ಇದೆ. ಅದನ್ನು ತೋರಿಸಿದರೆ ಮೂರು ದಿನದ ಪಾಸ್ ಬಹಳ ಅಗ್ಗ. ಜರ್ಮನಿ, ನೆದರ್ಲೆಂಡ್ಸ್ ಕಡೆ ಓದುತ್ತಿರುವ ನಮ್ಮ ಹುಡುಗರು ಇದನ್ನು ಮರೆಯಬೇಡಿ.

ಪಾಸ್ ಕೈಯಲ್ಲಿದ್ದರೆ ಸಾಲದು. ಹತ್ತುವ ಮೊದಲು ಪ್ರತಿ ಸಲವೂ ಯಂತ್ರಕ್ಕೆ ಮುಟ್ಟಿಸಬೇಕು. ಮುಟ್ಟಿಸದೆ ಹತ್ತಿ ಸಿಕ್ಕಿಬಿದ್ದರೆ "ಗೊತ್ತಿರಲಿಲ್ಲ" ಎಂಬ ಮಾತು ನಡೆಯುವುದಿಲ್ಲ, ದಂಡ ಖಂಡಿತ.

1ನೇ ನಂಬರ್ ದೋಣಿ ದೊಡ್ಡ ಕಾಲುವೆಯ ಉದ್ದಕ್ಕೂ ನಿಲ್ಲುತ್ತಾ ಹೋಗುತ್ತದೆ. 2ನೆಯದು ಕಡಿಮೆ ಕಡೆ ನಿಲ್ಲುತ್ತದೆ. ಹೊಸಬರು 1ನ್ನೇ ಹಿಡಿಯಿರಿ, ಸಾನ್ ಮಾರ್ಕೊಗೆ ಮುಕ್ಕಾಲು ಗಂಟೆ. ಒಂದು ಉಪಾಯ ಇದೆ. ಈ ದೋಣಿ ಹೊರಡುವುದು ಪಿಯಾಜಾಲೆ ರೋಮಾದಿಂದ, ಸ್ಟೇಷನ್ ಅದರ ಮುಂದಿನ ಸ್ಟಾಪ್. ಸ್ಟೇಷನ್‌ನಲ್ಲಿ ಹತ್ತಿದರೆ ಸೀಟು ಸಿಗದು. ಒಂದು ಸೇತುವೆ ದಾಟಿ ಪಿಯಾಜಾಲೆ ರೋಮಾಗೇ ಹೋಗಿ ಹತ್ತಿ. ಹಳೇ ದೋಣಿ ಬಂದರೆ ಮೂತಿಯ ಕಡೆ ತೆರೆದ ಸೀಟುಗಳಿರುತ್ತವೆ. ಅಲ್ಲಿ ಕೂತರೆ ಟೂರ್ ದೋಣಿ ಯಾಕೆ ಬೇಕು?

ಎಡಗಡೆ ಸಿಗುವುದು ವೆಂದ್ರಾಮಿನ್ ಕಲೆರ್ಜಿ ಅರಮನೆ, ಸಂಗೀತಗಾರ ವಾಗ್ನರ್ 1883ರಲ್ಲಿ ತೀರಿಕೊಂಡದ್ದು ಅಲ್ಲಿ. ಮುಂದೆ ಅದೇ ಕಡೆ ಕಾ ದೋರೊ, ಕಲ್ಲನ್ನು ಜಾಲರಿ ಹಾಗೆ ಕೊರೆದ ಮನೆ. ಬಲಗಡೆ ಮೀನು ಮಾರುಕಟ್ಟೆಯ ಕಮಾನುಗಳು. ಆಮೇಲೆ 1591ರಲ್ಲಿ ಮುಗಿದ ರಿಯಾಲ್ಟೊ ಸೇತುವೆ. ಕೊನೆಗೆ ಬಲಕ್ಕೆ ಸಾಲೂತೆ ಚರ್ಚಿನ ಗುಮ್ಮಟ. ಅದರ ಅಡಿಯಲ್ಲಿ ಹತ್ತು ಲಕ್ಷಕ್ಕೂ ಹೆಚ್ಚು ಮರದ ಕಂಬಗಳನ್ನು ಕೆಸರಿಗೆ ಇಳಿಸಿದ್ದಾರೆ ಎನ್ನುತ್ತಾರೆ. ಗಾಳಿಯಾಡದ ಕೆಸರಲ್ಲಿ ಮರ ಸುಲಭಕ್ಕೆ ಕೊಳೆಯುವುದಿಲ್ಲ. ಇಡೀ ಊರು ನಿಂತಿರುವುದೇ ಹೀಗೆ. ಇದೇ ಸವಾರಿಯನ್ನು ರಾತ್ರಿ ಒಂಬತ್ತರ ಮೇಲೆ ಇನ್ನೊಮ್ಮೆ ಮಾಡಿ. ಅರಮನೆಗಳ ಒಳಗೆ ದೀಪ ಹಚ್ಚಿರುತ್ತಾರೆ, ಬಣ್ಣ ಬಳಿದ ಚಾವಣಿಗಳು ನೀರಿನಿಂದಲೇ ಕಾಣುತ್ತವೆ.

ಇನ್ನು ಗೊಂಡೊಲಾ. ಅಧಿಕೃತ ದರ ಹಗಲು 30 ನಿಮಿಷಕ್ಕೆ 90 ಯೂರೋ, ಸಂಜೆ ಏಳರ ಮೇಲೆ 110. ಇದು ದೋಣಿಗೆ, ತಲೆಗಲ್ಲ. ಐದು ಜನ ಕೂರಬಹುದು. ಹತ್ತುವ ಮೊದಲೇ ಸಮಯ, ದುಡ್ಡು ಎರಡನ್ನೂ ಬಾಯಿಬಿಟ್ಟು ಹೇಳಿಸಿಕೊಳ್ಳಿ. ಹಾಡು ಬೇಕಾದರೆ ಅದಕ್ಕೆ ಬೇರೆ. ದೊಡ್ಡ ಕಾಲುವೆಯಲ್ಲಿ ಸುತ್ತಿಸುವ ಗೊಂಡೊಲಾಗೆ ಕೊಟ್ಟ ದುಡ್ಡು ವ್ಯರ್ಥ, ಅಲ್ಲಿ ವಪೊರೆತ್ತೊ ಅಲೆಗೆ ಎಗರಾಡುವುದೇ ಆಗುತ್ತದೆ. ಸಣ್ಣ ಕಾಲುವೆಯ ದಂಡೆಯಲ್ಲಿ ನಿಂತವನನ್ನು ಹಿಡಿಯಿರಿ. ದುಡ್ಡು ಕೊಡಲು ಮನಸ್ಸಿಲ್ಲದವರಿಗೆ ತ್ರಾಗೆತ್ತೊ ಇದೆ. ಅದೂ ಗೊಂಡೊಲಾನೇ, ಕಾಲುವೆಯ ಈ ದಡದಿಂದ ಆ ದಡಕ್ಕೆ ಜನ ದಾಟಿಸುವುದು. ಪ್ರವಾಸಿಗರಿಗೆ 2 ಯೂರೋ. ಸಾಂತಾ ಸೋಫಿಯಾ ಹತ್ತಿರ ಹತ್ತಿದರೆ ಎದುರು ದಡದ ಮೀನು ಮಾರುಕಟ್ಟೆಗೆ ಇಳಿಸುತ್ತಾನೆ. ಎರಡೇ ನಿಮಿಷ. ಮಕ್ಕಳಿಗೆ ಅಷ್ಟೇ ಸಾಕು.

ದಾರಿ ತಪ್ಪುವುದಂತೂ ಖಚಿತ

ಇಲ್ಲಿ ಮನೆ ನಂಬರ್ ಬೀದಿಗಲ್ಲ, ಇಡೀ ವಿಭಾಗಕ್ಕೆ ಕೊಟ್ಟಿದ್ದಾರೆ. ಕಾಸ್ತೆಲ್ಲೊದಲ್ಲಿ ಅದು ಆರು ಸಾವಿರ ದಾಟುತ್ತದೆ. ಹೋಟೆಲ್‌ನವರು ಬರೀ ನಂಬರ್ ಕೊಟ್ಟರೆ ಬೀದಿ ಹೆಸರು, ಹತ್ತಿರದ ದೋಣಿ ಸ್ಟಾಪ್ ಕೇಳಿ. ಕಿರಿದಾದ ಗಲ್ಲಿಗಳಲ್ಲಿ ಮೊಬೈಲ್ ಮ್ಯಾಪ್ ತಡವರಿಸುತ್ತದೆ, ನೇರ ಕಾಲುವೆಗೇ ಕರೆದೊಯ್ದು ನಿಲ್ಲಿಸುವುದೂ ಉಂಟು. ಗೋಡೆಗಳ ಮೇಲಿನ ಹಳದಿ ಬೋರ್ಡ್ ಹಿಡಿದು ಹೋಗುವುದೇ ವಾಸಿ: ಪೆರ್ ರಿಯಾಲ್ಟೊ, ಪೆರ್ ಸಾನ್ ಮಾರ್ಕೊ, ಅಲ್ಲಾ ಫೆರೊವಿಯಾ. ಕೊನೆಯದು ರೈಲ್ವೆ ಸ್ಟೇಷನ್‌ಗೆ. ಕಲ್ಲೆ ಎಂದರೆ ಗಲ್ಲಿ, ಕ್ಯಾಂಪೋ ಎಂದರೆ ಬಯಲು, ಫೊಂದಮೆಂತಾ ಎಂದರೆ ಕಾಲುವೆ ಪಕ್ಕದ ದಾರಿ. ಈ ಮೂರು ತಿಳಿದರೆ ಸಾಕು. ಬಲಗಡೆಯೇ ನಡೆಯಿರಿ. ಸೇತುವೆ ನಡುವೆ ನಿಂತು ಫೋಟೊ ತೆಗೆದರೆ ಕೆಲಸಕ್ಕೆ ಓಡುವ ಊರವರು ಬೈಯುತ್ತಾರೆ. ಬೈಸಿಕೊಳ್ಳಲೂ ಅರ್ಹರೇ ನಾವು.

ಕ್ಯಾಂಪೋಗಳ ನಡುವೆ ಕೆತ್ತನೆಯ ಬಾವಿಕಟ್ಟೆಗಳು ಕಾಣುತ್ತವೆ. ಅವು ಅಂತರ್ಜಲದ ಬಾವಿಗಳಲ್ಲ. ಸುತ್ತಲೂ ಉಪ್ಪು ನೀರಾದ್ದರಿಂದ ಮಳೆ ನೀರನ್ನು ಬಯಲಿನ ಅಡಿಯ ಮರಳಿನಲ್ಲಿ ಸೋಸಿ ಕೂಡಿಡುತ್ತಿದ್ದರು. 1884ರಲ್ಲಿ ನೆಲದ ಕಡೆಯಿಂದ ಪೈಪ್ ನೀರು ಬರುವ ತನಕ ಊರು ಕುಡಿದಿದ್ದು ಮುಖ್ಯವಾಗಿ ಇದನ್ನೇ. ಈಗ ಬೀದಿ ಬದಿಯ ನಲ್ಲಿಗಳಲ್ಲಿ ಸದಾ ನೀರು ಹರಿಯುತ್ತಿರುತ್ತದೆ, ಕುಡಿಯಲು ಒಳ್ಳೆಯದು. ಬಾಟಲಿ ತುಂಬಿಸಿಕೊಳ್ಳಿ.

ಬೆಳಗ್ಗೆ: ಸಾನ್ ಮಾರ್ಕೊ

ಏಳು ಗಂಟೆಗೆ ಚೌಕದಲ್ಲಿರಿ. ಕಸ ಗುಡಿಸುವವರು, ಕೆಲಸಕ್ಕೆ ಹೊರಟವರು, ನಾಲ್ಕೈದು ಜನ ಫೋಟೊಗ್ರಾಫರ್‌ಗಳು ಅಷ್ಟೇ ಇರುತ್ತಾರೆ. ಚೌಕ, ಗಂಟೆ ಗೋಪುರ, ನೀರ ದಂಡೆ ಎಲ್ಲ ನಿಧಾನವಾಗಿ ನೋಡಿ. ಈ ಗೋಪುರ 1902ರ ಜುಲೈ 14ರಂದು ಕುಸಿದು ಇಟ್ಟಿಗೆ ಗುಡ್ಡೆಯಾಗಿತ್ತು. ಮೊದಲಿದ್ದ ಹಾಗೆಯೇ ಕಟ್ಟಿ 1912ರಲ್ಲಿ ತೆರೆದರು.

ಒಂಬತ್ತಕ್ಕೆ ದೋಜೆ ಅರಮನೆ ತೆರೆಯುತ್ತದೆ. ಮೊದಲ ಗುಂಪಿನಲ್ಲೇ ಒಳಗೆ ಹೋಗಿ. ಮೊದಲ ರೂಮುಗಳಲ್ಲಿ ಜಾಸ್ತಿ ಹೊತ್ತು ಕಳೆಯದೆ ಮಹಾಸಭೆಯ ಹಾಲ್‌ಗೆ ಬನ್ನಿ. 53 ಮೀಟರ್ ಉದ್ದದ ಹಾಲ್, ನಡುವೆ ಒಂದೂ ಕಂಬವಿಲ್ಲ. ಒಂದು ಗೋಡೆ ತುಂಬಾ ತಿಂತೊರೆತ್ತೊ ಬರೆದ ಸ್ವರ್ಗದ ಚಿತ್ರ. ಮೇಲೆ ಸಾಲಾಗಿ ದೋಜೆಗಳ ಮುಖಚಿತ್ರಗಳಿವೆ, ಒಂದು ಕಡೆ ಮಾತ್ರ ಕಪ್ಪು ಬಟ್ಟೆ ಬರೆದಿದ್ದಾರೆ. ಅದು ಮರೀನೊ ಫಲಿಯೆರೊ ಜಾಗ. ಅಧಿಕಾರವನ್ನೆಲ್ಲ ತನ್ನ ಕೈಗೆ ತೆಗೆದುಕೊಳ್ಳಲು ಸಂಚು ಮಾಡಿದನೆಂದು 1355ರಲ್ಲಿ ತಲೆ ಕಡಿದರು. ಅಲ್ಲಿಂದ ನಿಟ್ಟುಸಿರಿನ ಸೇತುವೆಯ ಒಳಗಿನಿಂದಲೇ ಜೈಲಿಗೆ ದಾಟುತ್ತೀರಿ. ಹೊರಗೆ ನಿಂತು ಅದರ ಫೋಟೊ ತೆಗೆಯಲು ನೂಕಾಡುವವರು ಕಲ್ಲಿನ ಜಾಲರಿಯ ಕಿಂಡಿಯಿಂದ ಕಾಣುತ್ತಾರೆ.

ಬೆಸಿಲಿಕಾ ಒಳಗೆ ಭುಜ, ಮಂಡಿ ಮುಚ್ಚಿರಬೇಕು. ದೊಡ್ಡ ಬ್ಯಾಗ್ ಬಿಡುವುದಿಲ್ಲ. ಭಾನುವಾರ ಬೆಳಗ್ಗೆ ಪ್ರಾರ್ಥನೆಯ ಹೊತ್ತು, ಪ್ರವಾಸಿಗರಿಗೆ ಮಧ್ಯಾಹ್ನದ ನಂತರ. ಒಳಗಿನ ಚಿನ್ನದ ಮೊಸಾಯಿಕ್, ಅಂದರೆ ಸಣ್ಣ ಚೂರುಗಳನ್ನು ಜೋಡಿಸಿ ಮಾಡಿದ ಚಿತ್ರ, 8,000 ಚದರ ಮೀಟರ್‌ಗೂ ಹೆಚ್ಚು. ಮೇಲಿನ ಮ್ಯೂಸಿಯಂಗೆ ಪ್ರತ್ಯೇಕ ಟಿಕೆಟ್, ಕೊಟ್ಟು ಹತ್ತಿ. ಕಾನ್‌ಸ್ಟಾಂಟಿನೋಪಲ್ ಲೂಟಿಯಾದಾಗ ತಂದ ನಾಲ್ಕು ಕಂಚಿನ ಕುದುರೆಗಳು ಅಲ್ಲಿವೆ. ನೆಪೋಲಿಯನ್ 1797ರಲ್ಲಿ ಪ್ಯಾರಿಸ್‌ಗೆ ಹೊತ್ತೊಯ್ದ, 1815ರಲ್ಲಿ ವಾಪಸ್ ಬಂದವು. ಹೊರಗೆ ಬಾಲ್ಕನಿಯಲ್ಲಿ ನಿಂತಿರುವುದು ನಕಲು.

ಕೊರೇರ್ ಮ್ಯೂಸಿಯಂನಲ್ಲಿ ಕನ್ನಡದವರಿಗೊಂದು ಕೆಲಸವಿದೆ. ಅಲ್ಲಿಂದಲೇ ಮಾರ್ಚಾನಾ ಗ್ರಂಥಾಲಯದ ಹಳೇ ಕೋಣೆಗಳಿಗೆ ದಾರಿ. ಫ್ರಾ ಮೌರೊ ಎಂಬ ಸನ್ಯಾಸಿ 1450ರ ಸುಮಾರಿಗೆ ಮಾಡಿದ ದೊಡ್ಡ ಗುಂಡನೆಯ ವಿಶ್ವ ನಕಾಶೆ ಆ ಗ್ರಂಥಾಲಯದ್ದು. ನೋಡಬೇಕೆಂದು ಅಲ್ಲಿಯ ಸಿಬ್ಬಂದಿಯನ್ನು ಕೇಳಿ. ಅದರಲ್ಲಿ ದಕ್ಷಿಣ ಮೇಲಿದೆ, ಹಾಗಾಗಿ ಮೊದಲಿಗೆ ಏನೂ ಅರ್ಥವಾಗುವುದಿಲ್ಲ. ಭಾರತದ ಕಡೆಯ ವಿವರಗಳಿಗೆ ಅವನು ನಿಕೊಲೊ ದೆ ಕೊಂತಿಯ ಮಾಹಿತಿ ಬಳಸಿದ್ದ ಎಂಬುದು ವಿದ್ವಾಂಸರ ಮಾತು. ಕೊಂತಿ ವೆನಿಸ್ ಸುತ್ತಲಿನ ಇದೇ ಹಿನ್ನೀರಿನ ದಕ್ಷಿಣ ತುದಿಯ ಕ್ಯೊಜಾದವನು, 1420ರ ಆಸುಪಾಸಿನಲ್ಲಿ ವಿಜಯನಗರ ನೋಡಿ ಬಂದವನು. ತಾಳಿಕೋಟೆ ಯುದ್ಧದ ಎರಡು ವರ್ಷದ ನಂತರ, 1567ರಲ್ಲಿ, ಹಾಳಾದ ಹಂಪಿಗೆ ಹೋದ ಚೆಸಾರೆ ಫೆದೆರಿಚಿಯೂ ವೆನಿಸ್‌ನ ವ್ಯಾಪಾರಿಯೇ. ದಾರಿಯಲ್ಲಿ ಕಳ್ಳರ ಕಾಟ ಎಂದು ಏಳು ತಿಂಗಳು ಅಲ್ಲೇ ಉಳಿದೆ ಎಂದು ಬರೆದಿದ್ದಾನೆ.

ಗೋಪುರ ಹತ್ತುವ ಆಸೆ ಇದ್ದರೆ ಸಾನ್ ಮಾರ್ಕೊದ್ದು ಬಿಡಿ. ಚೌಕದ ಹತ್ತಿರದ ಸಾನ್ ಜಕಾರಿಯಾ ಸ್ಟಾಪ್‌ನಿಂದ 2ನೇ ನಂಬರ್ ದೋಣಿ ಹಿಡಿದು ಎದುರಿನ ಸಾನ್ ಜೋರ್ಜೊ ಮಜ್ಜೊರೆ ದ್ವೀಪಕ್ಕೆ ಹೋಗಿ. ಅಲ್ಲೂ ಲಿಫ್ಟ್ ಇದೆ, ಸಾಲು ಚಿಕ್ಕದು. ಮುಖ್ಯವಾಗಿ, ಅಲ್ಲಿಂದ ಸಾನ್ ಮಾರ್ಕೊ ಕಾಣುತ್ತದೆ.

ಮಧ್ಯಾಹ್ನ: ಚೌಕದಿಂದ ದೂರ

ಹನ್ನೊಂದಾದ ಮೇಲೆ ಸಾನ್ ಮಾರ್ಕೊ, ರಿಯಾಲ್ಟೊ ನಡುವಿನ ದಾರಿಯಲ್ಲಿ ಇರಬೇಡಿ. ಎರಡು ಆಯ್ಕೆ ಇವೆ.

ಒಂದು, ಚಿತ್ರಗಳು. ಫ್ರಾರಿ ಚರ್ಚಿನಲ್ಲಿ ತಿಶಿಯನ್ 1518ರಲ್ಲಿ ಮುಗಿಸಿದ ದೊಡ್ಡ ಚಿತ್ರ ಇನ್ನೂ ಅದೇ ಪೀಠದ ಮೇಲಿದೆ. ಅವನ ಸಮಾಧಿಯೂ ಅಲ್ಲೇ. ನಾಲ್ಕು ಹೆಜ್ಜೆ ದೂರದ ಸಾನ್ ರೊಕ್ಕೊ ಸಭಾಭವನದಲ್ಲಿ ಗೋಡೆ, ಚಾವಣಿ ಎಲ್ಲ ತಿಂತೊರೆತ್ತೊನದ್ದೇ. ಕತ್ತು ನೋಯದಿರಲಿ ಎಂದು ಕೈಗನ್ನಡಿ ಇಟ್ಟಿರುತ್ತಾರೆ, ಅದನ್ನು ಹಿಡಿದು ಚಾವಣಿ ನೋಡಬಹುದು. ಚಿತ್ರಕಲೆ ಬಗ್ಗೆ ಆಸಕ್ತಿ ಇಲ್ಲದವರೂ ಇಲ್ಲಿ ಅರ್ಧ ಗಂಟೆ ಕೂರುತ್ತಾರೆ. ಕನ್ನಾರೆಜೊ ಕಡೆ ಇದ್ದರೆ ಯಹೂದಿಗಳ ಹಳೇ ಕೇರಿಗೆ ಹೋಗಿ. 1516ರಲ್ಲಿ ಅವರನ್ನು ಈ ಪುಟ್ಟ ದ್ವೀಪದಲ್ಲಿ ಕೂಡಿ, ರಾತ್ರಿ ಬಾಗಿಲು ಹಾಕುತ್ತಿದ್ದರು. ಅಗಲಕ್ಕೆ ಬೆಳೆಯಲು ಜಾಗವಿಲ್ಲದೆ ಮನೆಗಳು ಏಳೆಂಟು ಮಹಡಿ ಎತ್ತರಕ್ಕೆ ಬೆಳೆದವು.

ಇನ್ನೊಂದು, ದ್ವೀಪಗಳು. ಇದಕ್ಕೆ ಪೂರ್ತಿ ದಿನ ಇಡಿ. ಫೊಂದಮೆಂತೆ ನೋವೆ ನಿಲ್ದಾಣದಿಂದ ದೋಣಿ. ಗಾಜಿನ ಕುಲುಮೆಗಳು ಬೆಳಗ್ಗೆ ನಡೆಯುವುದರಿಂದ ಮೊದಲು ಮುರಾನೊ. ಬೆಂಕಿ ಭಯಕ್ಕೆ 1291ರಲ್ಲಿ ಗಾಜಿನವರನ್ನೆಲ್ಲ ಊರಿನಿಂದ ಇಲ್ಲಿಗೆ ಕಳಿಸಿದ್ದು. "ಫ್ರೀ ದೋಣಿ, ಫ್ರೀ ಶೋ" ಅಂತ ಸ್ಟೇಷನ್ ಹತ್ತಿರ ಕರೆಯುವವರ ಜೊತೆ ಹೋಗಬೇಡಿ. ಕೊನೆಗೆ ಷೋರೂಮಿನಲ್ಲಿ ಕೂಡಿಹಾಕಿ ತಲೆ ತಿನ್ನುತ್ತಾರೆ. ಕೊಳ್ಳುವುದಾದರೆ ವೆತ್ರೊ ಆರ್ತಿಸ್ತಿಕೊ ಮುರಾನೊ ಎಂಬ ಗುರುತು ನೋಡಿ ಕೊಳ್ಳಿ.

ಆಮೇಲೆ 12ನೇ ನಂಬರ್ ದೋಣಿಯಲ್ಲಿ ಬುರಾನೊ ಕಡೆ, ಅಲ್ಲಿಂದ ಐದು ನಿಮಿಷ ಟೊರ್ಚೆಲ್ಲೊ. ವೆನಿಸ್‌ಗಿಂತ ಮೊದಲು ದೊಡ್ಡದಾಗಿದ್ದ ಊರು ಇದು. ಹೂಳು ತುಂಬಿ, ಮಲೇರಿಯಾ ಬಂದು ಜನ ಬಿಟ್ಟು ಹೋದರು. ಈಗ ಬೆರಳೆಣಿಕೆಯ ಮನೆಗಳು, ಹುಲ್ಲು, ಮತ್ತೆ 639ರಲ್ಲಿ ಸ್ಥಾಪನೆಯಾದ ಚರ್ಚ್. ಅದರ ಗೋಡೆಯಲ್ಲಿ ಕೊನೆಯ ತೀರ್ಪಿನ ಮೊಸಾಯಿಕ್ ಇದೆ, ಪಾಪಿಗಳ ತಲೆಬುರುಡೆಯ ಕಣ್ಣಲ್ಲಿ ಹುಳ ಆಡುವುದನ್ನೂ ಬಿಡಿಸಿದ್ದಾರೆ. ಬಣ್ಣದ ಮನೆಗಳ ಬುರಾನೊವನ್ನು ಕೊನೆಗಿಡಿ. ನಾಲ್ಕೂವರೆ ಮೇಲೆ ಟೂರ್ ಗುಂಪುಗಳು ಹೊರಟಿರುತ್ತವೆ, ಬಿಸಿಲು ಓರೆಯಾಗಿರುತ್ತದೆ. ಅಂಗಡಿಯಲ್ಲಿ ಅಗ್ಗಕ್ಕೆ ಸಿಗುವ ಲೇಸ್ ಹೊರಗಿನದು. ಕೈಯಲ್ಲಿ ಹೆಣೆದಿದ್ದು ಆ ಬೆಲೆಗೆ ಬರಲು ಸಾಧ್ಯವೇ ಇಲ್ಲ.

ಸಸ್ಯಾಹಾರಿಗಳ ಊಟ

ವೆನಿಸ್ ಮೀನಿನ ಊರು. ಸಸ್ಯಾಹಾರಿಗಳು ಉಪವಾಸ ಬೀಳುವುದಿಲ್ಲ, ಮೋಸ ಹೋಗುವ ಸಾಧ್ಯತೆ ಮಾತ್ರ ಇದೆ. ಬಾಕರೊ ಎಂಬ ಸಣ್ಣ ಅಂಗಡಿಗಳಲ್ಲಿ ಬ್ರೆಡ್ ಚೂರಿನ ಮೇಲೆ ಏನೇನೋ ಇಟ್ಟು ಮಾರುತ್ತಾರೆ, ಚಿಕೆತ್ತಿ ಅಂತ ಹೆಸರು. ಅದರಲ್ಲಿ ಬೆಳ್ಳಗೆ, ಬೆಣ್ಣೆ ಅಥವಾ ಪನೀರ್ ಹಾಗೆ ಕಾಣುವುದು ಒಣಮೀನಿನ ಮುದ್ದೆ, ಬಕ್ಕಲಾ ಮಂತೆಕಾತೊ. ಬಿಗೊಲಿ ಇನ್ ಸಾಲ್ಸಾ ನೋಡಿದರೆ ಬರೀ ಈರುಳ್ಳಿ ಪಾಸ್ತಾ, ಒಳಗೆ ಆಂಚೊವಿ ಮೀನು ಕರಗಿರುತ್ತದೆ. ಈರುಳ್ಳಿ, ದ್ರಾಕ್ಷಿ ಹೊದ್ದಿರುವ ಸಾರ್ದೆ ಇನ್ ಸಾಓರ್ ಅಡಿಯಲ್ಲಿ ಬೂತಾಯಿ ಜಾತಿಯ ಮೀನು. ಮಂಗಳೂರಿನವರಿಗೆ ಇದು ಸಂತೋಷದ ಸುದ್ದಿ! ತರಕಾರಿ ರಿಸೊತ್ತೊ ಎಂಬ ಅನ್ನದ ಅಡುಗೆಗೂ, ಸೂಪ್‌ಗೂ ಮಾಂಸದ ನೀರು ಹಾಕುವುದುಂಟು. ಕಟ್ಟುನಿಟ್ಟಿನವರು ಪಾರ್ಮೆಜಾನ್ ಚೀಸ್ ಕೂಡ ಬಿಡಬೇಕು, ಅದಕ್ಕೆ ಕರುವಿನ ಹೊಟ್ಟೆಯಿಂದ ತೆಗೆದ ಹೆಪ್ಪು ಹಾಕುತ್ತಾರೆ. ತಿರಾಮಿಸು ಎಂಬ ಸಿಹಿಯಲ್ಲಿ ಮೊಟ್ಟೆ ಇರುತ್ತದೆ.

"ಸೆನ್ಸಾ ಕಾರ್ನೆ, ಸೆನ್ಸಾ ಪೆಶೆ" ಅನ್ನಿ. ಮಾಂಸ ಬೇಡ, ಮೀನು ಬೇಡ ಎಂದು. ಪಾಸ್ತಾ ಅಲ್ ಪೊಮೊದೊರೊ (ಟೊಮೆಟೊ ಪಾಸ್ತಾ), ಮಾರ್ಗೆರಿತಾ ಪಿಜ್ಜಾ, ಸುಟ್ಟ ತರಕಾರಿ, ಪೊಲೆಂತಾ (ಮೆಕ್ಕೆಜೋಳದ ಮುದ್ದೆ) ಎಲ್ಲೆಡೆ ಸಿಗುತ್ತವೆ. ವಸಂತದಲ್ಲಿ ಸಾಂತ್ ಎರಾಸ್ಮೊ ದ್ವೀಪದ ಎಳೆ ಆರ್ಟಿಚೋಕ್ ಎಂಬ ತರಕಾರಿ ಬರುತ್ತದೆ, ಕಂಡರೆ ಬಿಡಬೇಡಿ. ಅನ್ನ ಬೇಕೇ ಬೇಕು ಅನ್ನುವವರಿಗೆ ಮೆಸ್ತ್ರೆಯಲ್ಲಿ ಬಾಂಗ್ಲಾದೇಶದವರ ಅಂಗಡಿಗಳಿವೆ: ಅಕ್ಕಿ, ಬೇಳೆ, ಹಸಿಮೆಣಸಿನಕಾಯಿ. ಅಡುಗೆಮನೆ ಇರುವ ಫ್ಲ್ಯಾಟ್ ಹಿಡಿದರೆ ಕುಟುಂಬಕ್ಕೆ ದುಡ್ಡೂ ಉಳಿಯುತ್ತದೆ. ಕನ್ನಾರೆಜೊದಲ್ಲಿ ಹಳೇ ಸಿನಿಮಾ ಮಂದಿರವನ್ನೇ ಸೂಪರ್‌ಮಾರ್ಕೆಟ್ ಮಾಡಿದ್ದಾರೆ. ಬ್ರೆಡ್ ಕೊಳ್ಳುವ ನೆಪದಲ್ಲಿ ಚಾವಣಿ ಚಿತ್ರ ನೋಡಿ ಬರಬಹುದು.

ಕಾಫಿ ನಿಂತು ಕುಡಿದರೆ ಒಂದು ಬೆಲೆ, ಕೂತರೆ ಇನ್ನೊಂದು. ಸಾನ್ ಮಾರ್ಕೊ ಚೌಕದ ಕಫೆಗಳಲ್ಲಿ ವಾದ್ಯದವರು ನುಡಿಸುತ್ತಿದ್ದರೆ ಸಂಗೀತಕ್ಕೂ ಬಿಲ್ ಹಾಕುತ್ತಾರೆ. ರೆಸ್ಟೋರೆಂಟ್ ಬಿಲ್ಲಿನ ಕೊಪೆರ್ತೊ ಎಂದರೆ ತಲೆಗೊಂದಿಷ್ಟು ಕೂತ ಖರ್ಚು, ಅದು ಮೋಸವಲ್ಲ. ಮೀನಿನ ಬೆಲೆ ಎತ್ತೊ ಲೆಕ್ಕದಲ್ಲಿದ್ದರೆ ಅದು 100 ಗ್ರಾಂಗೆ, ಇಡೀ ಮೀನಿಗಲ್ಲ. ಇದು ತಿಳಿಯದೆ ಬಿಲ್ ನೋಡಿ ಬೆವೆತವರಿದ್ದಾರೆ. ಎರಡೂವರೆಯಿಂದ ಏಳರವರೆಗೆ ಎಷ್ಟೋ ಅಡುಗೆಮನೆಗಳು ಮುಚ್ಚಿರುತ್ತವೆ.

ನೀರೇರಿದರೆ

ಹೆದರಬೇಡಿ. 2020ರ ಅಕ್ಟೋಬರ್‌ನಿಂದ ಸಮುದ್ರದ ಮೂರು ಬಾಯಿಗಳಲ್ಲಿ 78 ಗೇಟುಗಳು ಎದ್ದು ದೊಡ್ಡ ಪ್ರವಾಹ ತಡೆಯುತ್ತಿವೆ. 1966ರ 194 ಸೆಂಟಿಮೀಟರ್, 2019ರ 187 ಸೆಂಟಿಮೀಟರ್ ಎತ್ತರದ ಉಬ್ಬರದಂಥದ್ದು ಈಗ ಸುಲಭಕ್ಕೆ ಒಳಗೆ ಬರುವುದಿಲ್ಲ. ಆದರೆ 110 ಸೆಂಟಿಮೀಟರ್ ಮುನ್ಸೂಚನೆ ಇದ್ದರೆ ಮಾತ್ರ ಸಾಮಾನ್ಯವಾಗಿ ಗೇಟ್ ಎತ್ತುತ್ತಾರೆ. ಅದಕ್ಕಿಂತ ಕಡಿಮೆಯಲ್ಲೇ ಸಾನ್ ಮಾರ್ಕೊ ಚೌಕ ತೊಯ್ಯುತ್ತದೆ, ಯಾಕಂದರೆ ಅದು ಊರಲ್ಲೇ ತಗ್ಗು. ಕೆಲವು ಗಂಟೆಗಳಲ್ಲಿ ಇಳಿಯುತ್ತದೆ. ನಗರಸಭೆಯ ಉಬ್ಬರದ ಮುನ್ಸೂಚನೆ ನೋಡಿ ಬೇರೆ ಕಡೆ ಸುತ್ತಿ ಬನ್ನಿ.

ದಂಡ ಬೀಳುವ ಕೆಲಸಗಳು

ಚೌಕದಲ್ಲಿ, ಸೇತುವೆ ಮೆಟ್ಟಿಲ ಮೇಲೆ ಕೂತು ಬುತ್ತಿ ಬಿಚ್ಚಬೇಡಿ. ಪಾರಿವಾಳಕ್ಕೆ ಕಾಳು ಹಾಕಬೇಡಿ, 2008ರಿಂದ ನಿಷೇಧ. ಕಾಲುವೆಯಲ್ಲಿ ಈಜುವುದಂತೂ ಬೇಡವೇ ಬೇಡ. ಬೀದಿಯಲ್ಲಿ ಬಟ್ಟೆ ಹಾಸಿ ಮಾರುವ ನಕಲಿ ಬ್ರಾಂಡ್ ಬ್ಯಾಗ್ ಕೊಂಡರೆ ಕೊಂಡವರಿಗೂ ದಂಡ. ಜೇಬುಗಳ್ಳರು ರಿಯಾಲ್ಟೊ ಸೇತುವೆ ಮೇಲೆ, ತುಂಬಿದ ದೋಣಿಯಲ್ಲಿ ಇರುತ್ತಾರೆ. ಬ್ಯಾಗ್ ಎದೆಗೆ ಹಾಕಿಕೊಳ್ಳಿ, ಪಾಸ್‌ಪೋರ್ಟ್ ಒಳ ಜೇಬಿನಲ್ಲಿರಲಿ.

ಹೊರಡುವ ದಿನ

ಆ ಬೆಳಗ್ಗೆ ರಿಯಾಲ್ಟೊ ಮಾರುಕಟ್ಟೆಗೆ ಇಡಿ. ಎಂಟು ಗಂಟೆಗೆ ಹೋಗಿ. ಮೀನಿನ ಕಡೆ ಭಾನುವಾರ, ಸೋಮವಾರ ರಜೆ. ಪಕ್ಕದಲ್ಲೇ ರೂಗಾ ದೆಯಿ ಸ್ಪೆತ್ಸಿಯೆರಿ ಎಂಬ ಸಂಬಾರ ಪದಾರ್ಥದವರ ಬೀದಿ. ನಮ್ಮ ಪಶ್ಚಿಮ ಕರಾವಳಿಯ ಕಾಳುಮೆಣಸು ಅಲೆಕ್ಸಾಂಡ್ರಿಯಾ ದಾಟಿ ಇದೇ ಸುತ್ತಮುತ್ತ ಮಾರಾಟವಾಗಿ ಯುರೋಪಿಗೆಲ್ಲ ಹೋಗುತ್ತಿತ್ತು. ಹೋಟೆಲ್ ಖಾಲಿ ಮಾಡುವ ಹೊತ್ತಿಗೆ ಲಗೇಜ್ ಅಲ್ಲೇ ಬಿಟ್ಟುಹೋಗಲು ಸಾಮಾನ್ಯವಾಗಿ ಒಪ್ಪುತ್ತಾರೆ. ರೂಮಿನ ಬಾಡಿಗೆ ಜೊತೆ ತಲೆಗಿಷ್ಟು, ರಾತ್ರಿಗಿಷ್ಟು ಎಂದು ಪ್ರವಾಸಿ ತೆರಿಗೆ ಕೇಳುತ್ತಾರೆ, ಅದಕ್ಕೆ ಸ್ವಲ್ಪ ನಗದು ಇಟ್ಟುಕೊಳ್ಳಿ.

ವಿಮಾನ ಹಿಡಿಯುವವರು ಪಿಯಾಜಾಲೆ ರೋಮಾಗೆ ಹೋಗುವ ದೋಣಿ ತುಂಬಿರುತ್ತದೆ ಎಂದು ಲೆಕ್ಕ ಹಾಕಿಯೇ ಹೊರಡಿ. ವಾರಾಂತ್ಯದಲ್ಲಿ ಒಂದೆರಡು ದೋಣಿ ಬಿಡಬೇಕಾಗಬಹುದು. ದೋಣಿಯ ಸಾಮಾನ್ಯ ಪಾಸ್ ವಿಮಾನ ನಿಲ್ದಾಣದ ಬಸ್ಸಿಗೆ ನಡೆಯುವುದಿಲ್ಲ, ಅದಕ್ಕೆ ಬೇರೆ ಟಿಕೆಟ್. ಪಾಸ್ ಕೊಳ್ಳುವಾಗಲೇ ವಿಮಾನ ನಿಲ್ದಾಣದ ಬಸ್ಸನ್ನೂ ಸೇರಿಸಿಕೊಂಡರೆ ಸ್ವಲ್ಪ ಅಗ್ಗಕ್ಕೆ ಮುಗಿಯುತ್ತದೆ.